ಕ್ಯಾವನ್ಸೈಟ್ ಎಂಬ ಹೆಸರು: ಅರ್ಥ ಮತ್ತು ಬಳಕೆ

ಕರ್ನಾಟಕದಿಂದ ಹೆದ್ದಾರಿಯ ಮೂಲಕ ಪುಣೆಗೆ ಬರುವವರಿಗೆ ಸಾತಾರೆಯನ್ನು ದಾಟಿದ ತರುವಾಯ ನಗರದ ಬಾಗಿಲಿನಂತೆ ಎದುರಾಗುವುದು ಕಾತ್ರಜದ ಘಟ್ಟ. ಪೇಶ್ವೆ ನಾನಾಸಾಹೇಬನ ಕಾಲದಲ್ಲಿ, ಹದಿನೆಂಟನೆಯ ಶತಮಾನದ ನಡುಭಾಗದಲ್ಲಿ, ಇಲ್ಲಿ ಕೆರೆಯನ್ನು ಕಟ್ಟಿಸಿ ನೆಲದಡಿಯ ಕಾಲುವೆಯ ಮೂಲಕ ಶನಿವಾರವಾಡೆಯವರೆಗೆ ನೀರನ್ನು ಒಯ್ದಿದ್ದರೆಂಬುದು ಇತಿಹಾಸಪ್ರಸಿದ್ಧ ಸಂಗತಿ. ರಸ್ತೆಗಾಗಿ ಗುಡ್ಡವನ್ನು ಕಡಿದಿರುವೆಡೆಗಳಲ್ಲಿ ಕರಿಕಲ್ಲಿನ ಪದರಗಳು ಒಂದರ ಮೇಲೊಂದು ಮೆಟ್ಟಿಲಿನಂತೆ ತೋರುತ್ತವೆ. ದಖನ್ನಿನ ಈ ಶಿಲೆಗೆ ಭೂವಿಜ್ಞಾನಿಗಳು ಕೊಟ್ಟಿರುವ ‘ಟ್ರ್ಯಾಪ್’ ಎಂಬ ಹೆಸರು ಮೆಟ್ಟಿಲೆಂಬ ಅರ್ಥದ ಸ್ವೀಡಿಶ್ ಶಬ್ದದಿಂದ ಬಂದದ್ದು. ಸುಮಾರು 6.6 ಕೋಟಿ ವರ್ಷಗಳ ಹಿಂದೆ ಹರಿದ ಲಾವಾ ತಣಿಯುವಾಗ ಅದರೊಳಗೆ ಸಿಕ್ಕಿಕೊಂಡ ಅನಿಲದ ಗುಳ್ಳೆಗಳು ಪೊಳ್ಳುಗಳಾಗಿ ಉಳಿದವು. ಆಮೇಲೆ ಆ ಪೊಳ್ಳುಗಳಲ್ಲಿ ನೀರು ತಂದಿಟ್ಟ ಹರಳುಗಳು ಬೆಳೆದವು. ವಿಜಯಪುರ, ಬೀದರ, ಕಲಬುರಗಿಗಳ ಕರಿಕಲ್ಲೂ ಈ ಕುಲದ್ದೇ ಆದುದರಿಂದ ಉತ್ತರ ಕರ್ನಾಟಕದ ಓದುಗರಿಗೆ ಈ ಕಲ್ಲು ಅಪರಿಚಿತವಲ್ಲ.

ನಮ್ಮ ಈ ಲೇಖನಕ್ಕೆ ಕಾರಣವಾದುದು ಕಾತ್ರಜದಲ್ಲಿ ನೆಲೆಸಿರುವ ನಿವೃತ್ತ ಕನ್ನಡಿಗ ಅಧ್ಯಾಪಕರೊಬ್ಬರ ಮನೆಯ ಹರಳುಗಳ ಸಂಗ್ರಹ. ಅವರು ಪ್ರತಿಯೊಂದು ಹರಳಿನ ಜೊತೆಗೂ ಒಂದು ಚೀಟಿಯನ್ನು ಕನ್ನಡದಲ್ಲಿಯೇ ಬರೆದಿಟ್ಟಿದ್ದಾರೆ. ಬಿಳಿಯ ಹರಳಿನ ಹಾಸಿನ ಮೇಲೆ ಕಡುನೀಲಿಯ ಸಣ್ಣ ಗುಂಡುಗಳು ಕುಳಿತಿದ್ದ ಒಂದು ಕಲ್ಲಿನ ಚೀಟಿಯಲ್ಲಿ ‘ಕವನಸೈಟು, ಕಾತ್ರಜ, ಪುಣೆ’ ಎಂದು ಬರೆದಿತ್ತು. ಮೂರೇ ಶಬ್ದಗಳ ಈ ಬರಹ ನಮಗೆ ಓಲೆಗರಿಯ ಕೊನೆಯಲ್ಲಿ ಲಿಪಿಕಾರ ಬರೆಯುವ ಸಮಾಪ್ತಿವಾಕ್ಯವನ್ನು ನೆನಪಿಗೆ ತಂದಿತು. ಗ್ರಂಥದ ಹೆಸರು, ಪ್ರತಿ ಮಾಡಿದ ಊರು. ಇವೆರಡರಲ್ಲಿ ಯಾವುದು ತಪ್ಪಿದರೂ ಪ್ರತಿಯ ಬೆಲೆ ಅರ್ಧವಾಗುತ್ತದೆ. ಈ ಚೀಟಿಯಲ್ಲಿ ಎರಡೂ ಸಂದೇಹಾಸ್ಪದವಾಗಿದ್ದವು. ಖನಿಜವಿಜ್ಞಾನ ನಮ್ಮ ಕ್ಷೇತ್ರವಲ್ಲ. ಆದರೆ ಹೆಸರಿನ ಅರ್ಥವನ್ನೂ ಪ್ರತಿಯ ಮೂಲವನ್ನೂ ನಿರ್ಣಯಿಸುವುದು ಮಧ್ಯಕಾಲೀನ ಸಾಹಿತ್ಯವನ್ನು ಓದುವವರ ನಿತ್ಯದ ಕೆಲಸವೇ ಆಗಿದೆ.

ಮೊದಲು ಹೆಸರನ್ನು ನೋಡೋಣ. ಕ್ಯಾವನ್ಸೈಟ್ 1967ರಲ್ಲಿ ಅಮೆರಿಕದ ಆರೆಗನ್ ರಾಜ್ಯದ ಒವೈಹೀ ಅಣೆಕಟ್ಟಿನ ಬಳಿ ಮೊದಲು ದೊರೆತ ಖನಿಜ. 1973ರಲ್ಲಿ ಸ್ಟೇಪಲ್ಸ್, ಇವಾನ್ಸ್, ಲಿಂಡ್ಸೇ ಎಂಬ ಮೂವರು ವಿದ್ವಾಂಸರು ಇದನ್ನೂ ಇದರ ಜೊತೆಗಾರನಾದ ಪೆಂಟಗೊನೈಟ್ ಎಂಬ ಖನಿಜವನ್ನೂ ಒಂದೇ ಲೇಖನದಲ್ಲಿ ವರ್ಣಿಸಿ ಪ್ರಕಟಿಸಿದರು. ಹೆಸರಿನ ರಚನೆ ಸರಳವಾದುದು: ಕ್ಯಾಲ್ಸಿಯಂನಿಂದ ‘ಕ್ಯಾ’, ವನಾಡಿಯಂನಿಂದ ‘ವನ್’, ಸಿಲಿಕೇಟಿನಿಂದ ‘ಸಿ’, ಕೊನೆಗೆ ‘ಐಟ್’ ಎಂಬ ಪ್ರತ್ಯಯ. ಈ ಐಟ್ ನಮ್ಮ ವೈಯಾಕರಣರ ಪರಿಭಾಷೆಯಲ್ಲಿ ಶುದ್ಧ ತದ್ಧಿತ. ಗ್ರೀಕಿನಲ್ಲಿ ‘ಅದಕ್ಕೆ ಸಂಬಂಧಿಸಿದ’ ಎಂಬ ಅರ್ಥವನ್ನು ಕೊಡುತ್ತಿದ್ದ ಪ್ರತ್ಯಯ ಲ್ಯಾಟಿನ್ನಿನ ಮೂಲಕ ಹರಿದು ಬಂದು ಖನಿಜಗಳ ಹೆಸರಿನ ಕುಲಚಿಹ್ನೆಯಾಯಿತು. ರಕ್ತವರ್ಣದ ಕಬ್ಬಿಣದ ಅದಿರಿಗೆ ಹೆಮಟೈಟ್ ಎಂಬ ಹೆಸರು ರಕ್ತವೆಂಬ ಶಬ್ದಕ್ಕೆ ಈ ತದ್ಧಿತ ಹತ್ತಿ ಬಂದುದು.

ಅಕ್ಷರಗಳ ಒಳಗೆ ಇನ್ನೂ ಹಳೆಯ ಹೆಸರುಗಳು ಅಡಗಿವೆ. ಕ್ಯಾಲ್ಸಿಯಂ ಎಂಬುದು ಸುಣ್ಣವೆಂಬ ಅರ್ಥದ ಲ್ಯಾಟಿನ್ ಶಬ್ದದಿಂದಲೂ, ಸಿಲಿಕಾ ಎಂಬುದು ಚಕಮಕಿ ಕಲ್ಲೆಂಬ ಅರ್ಥದ ಶಬ್ದದಿಂದಲೂ ಬಂದವು. ನಡುವಣ ‘ವನ್’ ಮಾತ್ರ ದೇವತಾನಾಮ. 1801ರಲ್ಲಿ ಮೆಕ್ಸಿಕೋದ ಸೀಸದ ಅದಿರಿನಲ್ಲಿ ದೆಲ್ ರಿಯೊ ಎಂಬಾತ ಈ ಧಾತುವನ್ನು ಗುರುತಿಸಿ, ಲವಣಗಳ ಬಣ್ಣಗಳನ್ನು ಕಂಡು ಮೊದಲು ‘ಸರ್ವವರ್ಣ’ ಎಂಬರ್ಥದ ಹೆಸರನ್ನೂ ಆಮೇಲೆ ಕೆಂಪೆಂಬ ಅರ್ಥದ ಹೆಸರನ್ನೂ ಇಟ್ಟ. ಇತರರು ಅದು ಕ್ರೋಮಿಯಂ ಎಂದು ಹೇಳಿದ ಮೇಲೆ ತಾನೇ ತನ್ನ ಮಾತನ್ನು ಹಿಂತೆಗೆದುಕೊಂಡ. 1830ರಲ್ಲಿ ಸ್ವೀಡನ್ನಿನ ಸೆಫ್‌ಸ್ಟ್ರೋಮ್ ಕಬ್ಬಿಣದಲ್ಲಿ ಅದನ್ನು ಮತ್ತೆ ಕಂಡು, ಫ್ರೇಯಾ ದೇವಿಯ ವನಾಡಿಸ್ ಎಂಬ ನಾಮಾಂತರವನ್ನು ಕೊಟ್ಟ. ಹೀಗಾಗಿ ಪುಣೆಯ ಕಲ್ಲಿನ ಹೆಸರಿನಲ್ಲಿ ಉತ್ತರ ಯುರೋಪಿನ ಚೆಲುವಿನ ದೇವತೆಯೊಬ್ಬಳು ಒಂದಕ್ಷರದಷ್ಟು ಉಳಿದುಕೊಂಡಿದ್ದಾಳೆ. ಹರಳಿನ ನೀಲಿಗೆ ಕಾರಣವೂ ಆ ವನಾಡಿಯಮ್ಮೇ ಎಂಬುದು ಆಕಸ್ಮಿಕವಾದರೂ ಸೊಗಸಾದ ಹೊಂದಿಕೆ.

ಕನ್ನಡ ವ್ಯಾಕರಣ ಪರಂಪರೆಯಲ್ಲಿ ನಾಮಪದಗಳನ್ನು ರೂಢ, ಅಂಕಿತ, ಅನ್ವರ್ಥ ಎಂದು ವಿಂಗಡಿಸುವುದು ಕೇಶಿರಾಜನ ‘ಶಬ್ದಮಣಿದರ್ಪಣ’ವನ್ನು ಬಲ್ಲ ಓದುಗರಿಗೆ ತಿಳಿದದ್ದೇ. ಖನಿಜನಾಮಗಳನ್ನು ಈ ಮೂರರಲ್ಲಿ ಹಂಚಿದರೆ ಮೇಲ್ನೋಟಕ್ಕೆ ಎಲ್ಲವೂ ಒಪ್ಪವಾಗಿ ಕೂರುತ್ತವೆ. 1822ರಲ್ಲಿ ಎಚ್. ಜೆ. ಬ್ರೂಕ್ ಹ್ಯೂಲೆಂಡ್ ಎಂಬ ಸಂಗ್ರಾಹಕನ ಹೆಸರಿನಲ್ಲಿ ಇಟ್ಟ ಹ್ಯೂಲೆಂಡೈಟ್ ಅಂಕಿತ. ಕಾಸಿದರೆ ಹುಳುವಿನಂತೆ ಸುರುಳಿಯಾಗುವುದರಿಂದ ಬಂದ ಸ್ಕೊಲೆಸೈಟ್, ಕಾಸಿದರೆ ಎಲೆಯೆಲೆಯಾಗಿ ಬಿಚ್ಚುವುದರಿಂದ ಬಂದ ಅಪೊಫಿಲೈಟ್, ಕಾಸಿದರೆ ಕುದಿಯುವಂತೆ ಕಾಣುವುದರಿಂದ 1756ರಲ್ಲಿ ಕ್ರೋನ್‌ಸ್ಟೆಡ್ ಇಟ್ಟ ಜಿಯೊಲೈಟ್ ಇವೆಲ್ಲ ಅನ್ವರ್ಥಗಳು. ಹಳೆಯ ಖನಿಜವಿಜ್ಞಾನಿಗೆ ಊದುಕೊಳವೆಯ ಜ್ವಾಲೆಯೇ ಒರೆಗಲ್ಲು. ಆದುದರಿಂದ ಹೆಸರುಗಳೆಲ್ಲ ಬೆಂಕಿಯ ಸುತ್ತ ಹುಟ್ಟಿವೆ. ನಮ್ಮ ರತ್ನಶಾಸ್ತ್ರಗಳಲ್ಲಿಯೂ ಹೆಸರಿಗೂ ಪರೀಕ್ಷೆಗೂ ಇಂಥ ನಂಟುಂಟು. ಹಾಲಿನಲ್ಲಿ ಹಾಕಿದಾಗ ಹಾಲನ್ನೆಲ್ಲ ನೀಲಿಯಾಗಿಸುವ ಇಂದ್ರನೀಲವೇ ಮಹಾನೀಲ ಎಂಬುದು ಆ ಶಾಸ್ತ್ರಗಳ ಪ್ರಸಿದ್ಧ ಲಕ್ಷಣ. ಕಲ್ಯಾಣ ಚಾಲುಕ್ಯ ದೊರೆ ಮೂರನೆಯ ಸೋಮೇಶ್ವರ ಹನ್ನೆರಡನೆಯ ಶತಮಾನದ ಮೊದಲ ಭಾಗದಲ್ಲಿ ರಚಿಸಿದ ‘ಮಾನಸೋಲ್ಲಾಸ’ದಲ್ಲಿ ರಾಜನ ಕೋಶವನ್ನು ಕುರಿತು ಹೇಳುವಾಗ ರತ್ನಪರೀಕ್ಷೆಗೂ ಸ್ಥಾನ ದೊರೆತಿದೆ. ಹದಿನಾಲ್ಕನೆಯ ಶತಮಾನದ ಮಂಗರಾಜ ವಿಷವೈದ್ಯದ ಗ್ರಂಥಕ್ಕೆ ‘ಖಗೇಂದ್ರಮಣಿದರ್ಪಣ’ ಎಂದು ಹೆಸರಿಟ್ಟುದರ ಹಿಂದೆಯೂ ಗರುಡಮಣಿ ವಿಷವನ್ನು ಇಳಿಸುತ್ತದೆಂಬ ನಂಬಿಕೆ ಇದೆ.

ಹಾಗಾದರೆ ಕ್ಯಾವನ್ಸೈಟ್ ಅನ್ವರ್ಥನಾಮವೆ? ಮೊದಲ ನೋಟಕ್ಕೆ ಇದಕ್ಕಿಂತ ಅನ್ವರ್ಥವಾದ ಹೆಸರು ಇರಲಾರದು. ಘಟಕಗಳ ಹೆಸರನ್ನೇ ಕತ್ತರಿಸಿ ಹೊಲಿದ ಹೆಸರಿದು. ಆದರೆ ತರ್ಕಶಾಸ್ತ್ರದ ಒರೆಗೆ ಹಚ್ಚಿದರೆ ಇದು ನಿಲ್ಲುವುದಿಲ್ಲ. ಪೆಂಟಗೊನೈಟಿನ ರಾಸಾಯನಿಕ ಘಟನೆಯೂ ಅಕ್ಷರಶಃ ಇದೇ: ಅದೇ ಕ್ಯಾಲ್ಸಿಯಂ, ಅದೇ ವನಾಡಿಯಂ, ಅದೇ ಸಿಲಿಕಾನ್, ಅದೇ ಆಮ್ಲಜನಕ, ಅದೇ ನಾಲ್ಕು ನೀರಿನ ಅಣುಗಳು. ಎರಡರ ಭೇದವಿರುವುದು ಪರಮಾಣುಗಳ ಜೋಡಣೆಯಲ್ಲಿ ಮಾತ್ರ. ಹೆಸರು ಹೇಳುವ ಲಕ್ಷಣ ಲಕ್ಷ್ಯವನ್ನು ಮೀರಿ ಇನ್ನೊಂದಕ್ಕೂ ಹರಡುವುದರಿಂದ ಇಲ್ಲಿ ಅತಿವ್ಯಾಪ್ತಿ ದೋಷವಿದೆ. ಪೆಂಟಗೊನೈಟಿನದು ಇದಕ್ಕೆ ವಿರುದ್ಧವಾದ ಅವ್ಯಾಪ್ತಿ. ಪಂಚಕೋನವೆಂಬ ಅರ್ಥದ ಆ ಹೆಸರು ಬಂದುದು ಐದು ಹರಳುಗಳು ಅವಳಿಗಳಾಗಿ ಕೂಡಿದಾಗ ಅಡ್ಡಸೀಳಿನಲ್ಲಿ ಕಾಣುವ ಐದು ಮೂಲೆಯ ನಕ್ಷತ್ರಾಕೃತಿಯಿಂದ. ಹಾಗೆ ಕೂಡದ ಒಂಟಿ ಹರಳಿನಲ್ಲಿ ಅದಿಲ್ಲ. ಇನ್ನೂ ಒಂದು ಮಾತು: ಕ್ಯಾವನ್ಸೈಟಿನ ಹೆಸರಿನಲ್ಲಿ ನೀರಿನ ಸುಳಿವೇ ಇಲ್ಲ, ಹರಳಿನಲ್ಲಿ ನೀರುಂಟು.

ಆದ್ದರಿಂದ ಈ ಹೆಸರನ್ನು ಅನ್ವರ್ಥವೆನ್ನುವುದಕ್ಕಿಂತ ಸಂಸ್ಕೃತ ಶಾಬ್ದಿಕರ ನಾಲ್ಕನೆಯ ಬಗೆಯಾದ ಯೋಗರೂಢದಲ್ಲಿ ಸೇರಿಸುವುದು ಯುಕ್ತವೆಂದು ನಮ್ಮ ಮತ. ಪಂಕದಲ್ಲಿ ಹುಟ್ಟಿದ್ದೆಲ್ಲ ಪಂಕಜವಲ್ಲ. ಅವಯವಾರ್ಥವಿದ್ದರೂ ರೂಢಿ ಅದನ್ನು ತಾವರೆಯೊಂದಕ್ಕೇ ಕಟ್ಟಿಹಾಕಿದೆ. ಕ್ಯಾಲ್ಸಿಯಂ, ವನಾಡಿಯಂ, ಸಿಲಿಕೇಟುಗಳಿಂದ ಆದುದೆಲ್ಲ ಹೇಗೆ ಕ್ಯಾವನ್ಸೈಟ್ ಆಗಲಾರದೋ ಇದೂ ಹಾಗೆಯೇ. ವ್ಯತ್ಯಾಸವೆಂದರೆ ಪಂಕಜವನ್ನು ಕಟ್ಟಿದ್ದು ಸಾವಿರಾರು ವರ್ಷಗಳ ಜನಬಳಕೆ. ಇಂದಿನ ಖನಿಜನಾಮವನ್ನು ಕಟ್ಟುವುದು ಅಂತಾರಾಷ್ಟ್ರೀಯ ಖನಿಜವಿಜ್ಞಾನ ಸಂಘವು 1959ರಲ್ಲಿ ರಚಿಸಿದ ಆಯೋಗದ ನಿರ್ಣಯ. ಅಲ್ಲಿ ಒಪ್ಪಿಗೆ ದೊರೆತ ಮೇಲೆ ಹೆಸರಿನ ಅರ್ಥ ಸರಿಯೋ ತಪ್ಪೋ ಎಂಬ ಪ್ರಶ್ನೆ ಹಿಂದೆ ಸರಿಯುತ್ತದೆ.

ಈ ವಿವೇಚನೆ ಬರಿಯ ಶಬ್ದವಿನೋದವಲ್ಲ. ನಮ್ಮ ಸಂಶೋಧನ ವಿದ್ಯಾರ್ಥಿಯೊಬ್ಬರು ಇಂಥ ಹೆಸರುಗಳನ್ನೆಲ್ಲ ಕನ್ನಡಿಸಬೇಕೆಂದು ವಾದಿಸಿ ‘ಸುಣ್ಣವನಾಡಿ’ ಎಂಬ ರೂಪವನ್ನು ಸೂಚಿಸಿದ್ದುಂಟು. ಉತ್ಸಾಹ ಮೆಚ್ಚತಕ್ಕದ್ದು, ರೂಪ ಒಪ್ಪತಕ್ಕದ್ದಲ್ಲ. ಅರ್ಥವನ್ನು ಅನುವಾದಿಸಿದಾಗ ಅರ್ಥದೊಳಗಿನ ತಪ್ಪೂ ಅನುವಾದವಾಗುತ್ತದೆ ಎಂಬುದಕ್ಕೆ ಕನ್ನಡದಲ್ಲಿಯೇ ಸಾಕ್ಷಿ ಇದೆ. ಆಮ್ಲಗಳಿಗೆಲ್ಲ ಈ ಅನಿಲವೇ ಮೂಲವೆಂದು ಭ್ರಮಿಸಿ ಲವಾಸಿಯೆ ಇಟ್ಟ ಆಕ್ಸಿಜನ್ ಎಂಬ ಹೆಸರನ್ನು ನಾವು ಆಮ್ಲಜನಕ ಎಂದು ಕನ್ನಡಿಸಿಕೊಂಡೆವು. ಹೈಡ್ರೋಕ್ಲೋರಿಕ್ ಆಮ್ಲದಲ್ಲಿ ಆ ಅನಿಲವೇ ಇಲ್ಲವೆಂಬುದು 1810ರ ಹೊತ್ತಿಗೆ ಡೇವಿಯ ಪ್ರಯೋಗಗಳಿಂದ ಸ್ಪಷ್ಟವಾಗಿತ್ತು. ಗ್ರೀಕ್ ಬಾರದ ಇಂಗ್ಲಿಷ್ ವಿದ್ಯಾರ್ಥಿಗೆ ಆಕ್ಸಿಜನ್ ರೂಢನಾಮ, ಅವನನ್ನು ಅದು ದಾರಿ ತಪ್ಪಿಸುವುದಿಲ್ಲ. ಕನ್ನಡ ಬಲ್ಲ ಹುಡುಗನಿಗೆ ಆಮ್ಲಜನಕ ಪ್ರತಿದಿನವೂ ಒಂದು ಸುಳ್ಳನ್ನು ಹೇಳುತ್ತದೆ. ಈಗ ಅದು ನೆಲೆನಿಂತ ಶಬ್ದ, ಕೀಳುವ ಅಗತ್ಯವಿಲ್ಲ. ಅದೇ ಬಗೆಯ ಹೊಸ ಶಬ್ದಗಳನ್ನು ಮತ್ತೆ ನೆಡುವ ಅಗತ್ಯವೂ ಇಲ್ಲ. ಕ್ಯಾವನ್ಸೈಟನ್ನು ಹಾಗೆಯೇ ಇರಿಸಿಕೊಂಡು, ಅದರ ವಿವರಣೆಯನ್ನು ಒಳ್ಳೆಯ ಕನ್ನಡದಲ್ಲಿ ಕೊಡುವುದೇ ಸರಿಯಾದ ಕ್ರಮ.

ಇರಿಸಿಕೊಳ್ಳುವುದಾದರೆ ಬರೆಯುವ ಬಗೆ ಒಂದೇ ಆಗಿರಬೇಕು. ಕವನ್ಸೈಟ್, ಕ್ಯಾವಂಸೈಟ್, ಕೆವನಸೈಟ್ ಎಂದು ಹಲವು ರೂಪಗಳಿಗೆ ಎಡೆಗೊಟ್ಟರೆ ಅಕಾರಾದಿಯಲ್ಲಿ ಹುಡುಕುವವನಿಗೆ ಖನಿಜವೇ ಸಿಗದೆ ಹೋಗುತ್ತದೆ. ‘ಕ್ಯಾಲ್ಸಿಯಂ’ ಎಂದು ಬರೆಯುವ ರೂಢಿ ಕನ್ನಡದಲ್ಲಿ ನಿಂತಿರುವುದರಿಂದ ಅದರ ಮೊದಲಕ್ಷರವನ್ನು ಉಳಿಸಿದ ಕ್ಯಾವನ್ಸೈಟ್ ಎಂಬ ರೂಪವೇ ಲೇಸು. ಹೆಸರು ಒಡೆದು ನೋಡಿದರೆ ಧಾತುಗಳು ಕಣ್ಣಿಗೆ ಬೀಳುತ್ತವೆ. ಮಿತ್ರರ ಚೀಟಿಯ ‘ಕವನಸೈಟು’ ಕವನದೊಡನೆ ಬೆರೆತು ಸಾಹಿತ್ಯದವರಾದ ನಮಗೆ ಹಿತವಾಗಿ ಕೇಳಿಸಿತಾದರೂ, ಕವನಕ್ಕೆ ಅಲ್ಲಿ ಕೆಲಸವಿಲ್ಲ.

ಇನ್ನು ಊರಿನ ಹೆಸರು. ಹೆಸರಿನ ಬಳಕೆಯಲ್ಲಿ ಹೆಚ್ಚಿನ ಹಾನಿ ಆಗುತ್ತಿರುವುದು ಇಲ್ಲಿ. ಆರೆಗನ್ನಿನ ಮಾದರಿಗಳು ಸಣ್ಣವು. ಇಂದು ಜಗತ್ತಿನ ವಸ್ತುಸಂಗ್ರಹಾಲಯಗಳಲ್ಲಿ ಪ್ರದರ್ಶನಕ್ಕಿರುವ ಉತ್ತಮ ಕ್ಯಾವನ್ಸೈಟ್ ಬಹುಪಾಲು 1980ರ ದಶಕದ ಕೊನೆಯಿಂದ ಈಚೆಗೆ ಪುಣೆಯ ಈಶಾನ್ಯದಲ್ಲಿ, ಅಹಿಲ್ಯಾನಗರದ ಹಾದಿಯಲ್ಲಿರುವ ವಾಘೋಲಿಯ ಕಲ್ಲುಗಣಿಗಳಿಂದ ಹೊರಟದ್ದು. ಆ ಗಣಿಗಳನ್ನು ತೋಡಿದ್ದು ಹರಳಿಗಾಗಿ ಅಲ್ಲ, ರಸ್ತೆ ಮತ್ತು ಕಟ್ಟಡಗಳ ಜಲ್ಲಿಗಾಗಿ. ಕಲ್ಲು ಒಡೆಯುವವನ ಸುತ್ತಿಗೆಗೆ ಪೊಳ್ಳು ಸಿಕ್ಕಾಗ ಹರಳು ಹೊರಬಂದಿದೆ. ಅವನ ಕಣ್ಣಿಗೆ ಬೀಳದಿದ್ದುದು ಜಲ್ಲಿಯಂತ್ರದ ಪಾಲಾಗಿದೆ. ವ್ಯಾಪಾರಿಗಳ ಕೈಯಿಂದ ಕೈಗೆ ಹೋಗುವಾಗ ವಾಘೋಲಿ ಸವೆದು ‘ಪೂನಾ, ಇಂಡಿಯಾ’ ಮಾತ್ರ ಉಳಿಯುತ್ತದೆ. ನಿಯಮದ ಪ್ರಕಾರ ಖನಿಜದ ಮೂಲಸ್ಥಳವೆಂಬ ಗೌರವ ಆರೆಗನ್ನಿನದು, ಅದು ನ್ಯಾಯವೇ. ಆದರೆ ಲೋಕ ಕಂಡು ಬೆರಗಾದ ಹರಳು ಬಂದ ಊರಿನ ಹೆಸರು ಚೀಟಿಯಲ್ಲಿಯೂ ಇಲ್ಲವಾದರೆ ಮುಂದಿನ ಸಂಶೋಧಕನಿಗೆ ಯಾವ ಪದರ, ಯಾವ ಲಾವಾಪ್ರವಾಹ ಎಂಬುದಕ್ಕೆ ಆಧಾರವೇ ಉಳಿಯುವುದಿಲ್ಲ. ಪುಣೆ ಬೆಳೆಯುತ್ತಿದೆ. ಗಣಿಯ ಹೊಂಡ ನೀರು ತುಂಬಿಯೋ ಮಣ್ಣು ತುಂಬಿಯೋ ಮುಚ್ಚಿದ ಮೇಲೆ ಚೀಟಿಯೊಂದೇ ಸಾಕ್ಷಿ.

ಪುಣೆಯ ಹೆಸರು ಖನಿಜನಾಮದಲ್ಲಿ ಸೇರಿದ್ದೂ ಒಮ್ಮೆ ನಡೆದಿತ್ತು. ಹ್ಯೂಲೆಂಡೈಟಿಗೆ ಹೆಸರಿಟ್ಟ ಆ ಬ್ರೂಕನೇ 1831ರಲ್ಲಿ ಪುಣೆಯ ಕಡೆಯಿಂದ ಬಂದ ಬಿಳಿಯ ಸೂಜಿಹರಳೊಂದಕ್ಕೆ ಪೂನಾಲೈಟ್ ಎಂದು ಹೆಸರಿಟ್ಟ. ರಾಷ್ಟ್ರಕೂಟ ಒಂದನೆಯ ಕೃಷ್ಣನ 768ರ ತಳೇಗಾಂವ ತಾಮ್ರಶಾಸನದ ಪುನಕವಿಷಯ ಜನರ ಬಾಯಲ್ಲಿ ಪುಣೆಯಾಗಿ, ಇಂಗ್ಲಿಷರ ಬರಹದಲ್ಲಿ ಕೊನೆಗೊಂದು ಹಕಾರವನ್ನು ಹೊತ್ತು, ಲಂಡನ್ನಿನಲ್ಲಿ ಕಲ್ಲಿನ ಹೆಸರಾದ ಬಗೆ ಶಬ್ದಚರಿತ್ರೆಯ ಸ್ವಾರಸ್ಯದ ಪುಟ. ಆದರೆ ಆ ಹರಳು ಹೊಸದಲ್ಲ, ಮೊದಲೇ ಹೆಸರು ಪಡೆದಿದ್ದ ಜಿಯೊಲೈಟ್ ಜಾತಿಯದೇ ಎಂದು ತಿಳಿದ ಮೇಲೆ ಪೂನಾಲೈಟ್ ಪರ್ಯಾಯನಾಮಗಳ ಪಟ್ಟಿಗೆ ಸರಿಯಿತು. ಕರ್ನಾಟಕದಲ್ಲಿಯೂ ಇಂಥದೇ ಒಂದು ನಿದರ್ಶನವಿದೆ. ಮೈಸೂರು ಸಂಸ್ಥಾನದ ಭೂವಿಜ್ಞಾನಿ ಸ್ಮೀತ್ 1908ರಲ್ಲಿ ಇಟ್ಟ ಬಾಬಾಬುಡನೈಟ್ ಎಂಬ ಹೆಸರು ಇಂದು ಮೆಗ್ನೀಸಿಯೊರೀಬೆಕೈಟಿನಲ್ಲಿ ಲೀನವಾಗಿದೆ. ಉಳಿದು ನಿಂತವೂ ಉಂಟು. ಕೋಲಾರದ ಚಿನ್ನದ ಗಣಿಯ ಅದಿರಿನಿಂದ 1985ರಲ್ಲಿ ಎರಡು ಹೊಸ ಖನಿಜಗಳು ಒಂದೇ ಲೇಖನದಲ್ಲಿ ಪ್ರಕಟವಾದವು: ಸ್ಥಳದ ಹೆಸರಿನ ಕೋಲಾರೈಟ್, ಮತ್ತು ಭಾರತೀಯ ಭೂವೈಜ್ಞಾನಿಕ ಸಂಘವನ್ನು ಕಟ್ಟಿ ಬೆಳೆಸಿದ ಬಿ. ಪಿ. ರಾಧಾಕೃಷ್ಣ ಅವರ ಹೆಸರಿನ ರಾಧಾಕೃಷ್ಣೈಟ್. ಎರಡೂ ಸೀಸ, ಟೆಲ್ಯೂರಿಯಂ, ಕ್ಲೋರಿನ್‌ಗಳನ್ನು ಒಳಗೊಂಡವು. ಕನ್ನಡದ ಊರೊಂದು, ಕನ್ನಡಿಗರೊಬ್ಬರು ಹೀಗೆ ಜಗತ್ತಿನ ಖನಿಜಕೋಶದಲ್ಲಿ ಅಕ್ಕಪಕ್ಕದಲ್ಲಿದ್ದಾರೆಂಬುದನ್ನು ಕನ್ನಡ ನಿಘಂಟುಗಳು ಗಮನಿಸಬೇಕಾಗಿದೆ.

ಹೆಸರುಗಳು ಒಂದೇ ಕಡೆ ನಿಲ್ಲುವುದಿಲ್ಲ ಎಂಬುದನ್ನೂ ನಿಘಂಟುಕಾರರು ಅರಿತಿರಬೇಕು. ಜರ್ಮನ್ ಗ್ರಂಥಗಳಲ್ಲಿ ಬಹುಕಾಲ ಸ್ಟಿಲ್‌ಬೈಟ್ ಎಂದರೆ ಇಂಗ್ಲಿಷಿನವರ ಹ್ಯೂಲೆಂಡೈಟ್. ಇಂಗ್ಲಿಷಿನವರ ಸ್ಟಿಲ್‌ಬೈಟ್ ಅವರಿಗೆ ಡೆಸ್ಮಿನ್. ಹಳೆಯ ಪುಸ್ತಕದಿಂದ ಒಂದು ಹೆಸರನ್ನು ಎತ್ತಿಕೊಳ್ಳುವವನು ಅದು ಯಾವ ಭಾಷೆಯ ಪುಸ್ತಕವೆಂದು ನೋಡದಿದ್ದರೆ ಬೇರೆ ಕಲ್ಲನ್ನೇ ಎತ್ತಿಕೊಂಡಂತಾಗುತ್ತದೆ. 1997ರ ಜಿಯೊಲೈಟ್ ನಾಮಕರಣದ ವರದಿಯ ಮೇಲೆ ಸ್ಟಿಲ್‌ಬೈಟ್, ಹ್ಯೂಲೆಂಡೈಟ್ ಎಂಬುವು ಸರಣಿಯ ಹೆಸರುಗಳಾಗಿ, ಒಂದೊಂದು ಖನಿಜದ ಹೆಸರಿಗೂ ಮುಖ್ಯ ಧಾತುವಿನ ಚಿಹ್ನೆಯೊಂದು ಬಾಲವಾಗಿ ಹತ್ತಿದೆ. ಅಪೊಫಿಲೈಟ್ ಗುಂಪಿನ ಹೆಸರುಗಳನ್ನು 2008ರಲ್ಲಿ ಬದಲಿಸಿ 2013ರಲ್ಲಿ ಬಹುಮಟ್ಟಿಗೆ ಹಿಂದಿನ ಮಾದರಿಗೇ ತಂದರು. ಆಯೋಗದವರಿಗೂ ಪಾಠಾಂತರಗಳ ಕಾಟ ತಪ್ಪಿದ್ದಲ್ಲ.

ಮರಳಿ ಮಿತ್ರರ ಚೀಟಿಗೆ ಬರೋಣ. ವಾಘೋಲಿಯ ಲಕ್ಷಣಗಳೆಲ್ಲ ಇದ್ದ ನೀಲಿ ಹರಳಿನ ಚೀಟಿಯಲ್ಲಿ ಕಾತ್ರಜ ಹೇಗೆ ಬಂತು? ಕಾತ್ರಜ ನಗರದ ದಕ್ಷಿಣಕ್ಕಿದೆ, ವಾಘೋಲಿ ಈಶಾನ್ಯಕ್ಕೆ. ಒಂದರ ಬದಲು ಇನ್ನೊಂದನ್ನು ಬರೆಯುವಷ್ಟು ಸಮೀಪದವಲ್ಲ. ಚೀಟಿಯನ್ನು ಬೆಳಕಿಗೆ ಹಿಡಿದಾಗ ‘ಕವನಸೈಟು’ ಎಂಬುದೊಂದು ಶಾಯಿ, ‘ಕಾತ್ರಜ, ಪುಣೆ’ ಎಂಬುದಿನ್ನೊಂದು ಶಾಯಿ ಎಂದು ಕಂಡಿತು. ಹೆಸರಿನ ಕೆಳಗೆ ಮೊದಲಿದ್ದ ಯಾವುದೋ ಬರಹವನ್ನು ಹೆರೆದಿದ್ದ ಗುರುತೂ ಇತ್ತು. ಪಕ್ಕದ ಪೆಟ್ಟಿಗೆಯಲ್ಲಿ ಬಿಳಿಯ ಹರಳಿನ ಒಂದು ತುಂಡು ಚೀಟಿಯೇ ಇಲ್ಲದೆ ಬಿದ್ದಿತ್ತು. ಮಿತ್ರರನ್ನು ವಿಚಾರಿಸಲಾಗಿ, ಆ ಬಿಳಿಯ ತುಂಡನ್ನು ಬಹಳ ವರ್ಷಗಳ ಹಿಂದೆ ಘಟ್ಟದ ರಸ್ತೆ ಅಗಲಗೊಳಿಸುವಾಗ ತಾವೇ ಆಯ್ದು ತಂದುದಾಗಿಯೂ, ನೀಲಿಯದನ್ನು ಆಮೇಲೆ ಪೇಟೆಯಲ್ಲಿ ಕೊಂಡುದಾಗಿಯೂ, ಮನೆ ಬದಲಿಸುವಾಗ ಚೀಟಿಯೊಂದು ಉಳಿತಾಯವೆಂದು ಹಳೆಯದರ ಮೇಲೆಯೇ ಹೊಸ ಹೆಸರನ್ನು ಬರೆದುದಾಗಿಯೂ ನೆನಪಿಸಿಕೊಂಡರು. ಓಲೆಗರಿಯನ್ನು ಹೆರೆದು ಮತ್ತೊಂದನ್ನು ಬರೆದ ಪ್ರತಿಗಳನ್ನು ಕಂಡವರಿಗೆ ಇದು ಹೊಸದಲ್ಲ.

ಅಂದು ಸಂಜೆಯೇ ಎರಡು ಚೀಟಿಗಳನ್ನು ಹೊಸದಾಗಿ ಬರೆದಿಟ್ಟೆವು. ಬಿಳಿಯ ತುಂಡಿಗೆ: ‘ಜಿಯೊಲೈಟ್, ಕಾತ್ರಜ ಘಟ್ಟದ ರಸ್ತೆಯ ಕಡಿತ, ಪುಣೆ, ಸ್ವತಃ ಆಯ್ದದ್ದು.’ ನೀಲಿಯದಕ್ಕೆ: ‘ಕ್ಯಾವನ್ಸೈಟ್, ಲಕ್ಷಣದಿಂದ ವಾಘೋಲಿಯದೆಂದು ಊಹೆ, ಪೇಟೆಯಲ್ಲಿ ಕೊಂಡದ್ದು.’ ಹಳೆಯ ಚೀಟಿಯನ್ನು ಎಸೆಯಬಾರದೆಂದು ಕೇಳಿಕೊಂಡು, ಅದನ್ನೂ ನೀಲಿ ಹರಳಿನ ಪೆಟ್ಟಿಗೆಯ ತಳದಲ್ಲಿ ಮಡಿಸಿ ಇರಿಸಿದ್ದೇವೆ.